ರಾಣೆಯವರ ಎಂಟನೇ ವರ್ಷ

ಈಗಿನ ಹುಡುಗರಿಗೆ ಎರಡನೇ ಮಹಾಯುದ್ಧದ ಬಗ್ಗೆ ಏನೂ ಗೊತ್ತಿಲ್ಲ ಎಂದು ಹಿರಿಯರು ಹೇಳುವುದುಂಟು. ಅದು ನಿಜವಲ್ಲ. ಶಿರಸಿಯ ಯಾವುದಾದರೂ ಕಾಲೇಜಿನ ಕ್ಯಾಂಟೀನಿನಲ್ಲಿ ಕುಳಿತು ಪರ್ಲ್ ಹಾರ್ಬರ್ ಎಂಬ ಮಾತೆತ್ತಿ ನೋಡಿ. ಸಿನಿಮಾ ನೋಡಿದವರು, ಯೂಟ್ಯೂಬಿನಲ್ಲಿ ತಾಸುಗಟ್ಟಲೆ ವಿಡಿಯೊ ನೋಡಿದವರು, ಮೊಬೈಲ್ ಗೇಮಿನಲ್ಲಿ ಜಪಾನಿನ ಯುದ್ಧನೌಕೆ ಓಡಿಸಿದವರು ಸಿಗುತ್ತಾರೆ. ಅಡ್ಮಿರಲ್ ಯಮಮೊಟೊ ಹೆಸರನ್ನು ಸರಿಯಾಗಿ ಹೇಳುವವರೂ ಇಬ್ಬರಾದರೂ ಇರುತ್ತಾರೆ. ಅದೇ ಮೇಜಿನಲ್ಲಿ ರಾಮ ರಾಘೋಬಾ ರಾಣೆ ಯಾರು ಎಂದು ಕೇಳಿದರೆ ಮಾತು ನಿಲ್ಲುತ್ತದೆ. ರಾಣೆಯವರು ನಮ್ಮದೇ ಉತ್ತರ ಕನ್ನಡ ಜಿಲ್ಲೆಯವರು. ಬರ್ಮಾದ ಕಾಡಿನಲ್ಲಿ ಜಪಾನಿ ಸೇನೆಯ ಎದುರು ನಿಂತವರು. ಪರಮವೀರ ಚಕ್ರವನ್ನು ಬದುಕಿರುವಾಗಲೇ ಪಡೆದ ಮೊದಲಿಗರು.

‘ನಮ್ಮವರನ್ನು ನಾವೇ ಮರೆತೆವು’ ಎಂಬ ಹಳೆಯ ದೂರನ್ನು ಇನ್ನೊಮ್ಮೆ ಹೇಳಲು ನಾನು ಇದನ್ನು ಬರೆಯುತ್ತಿಲ್ಲ. ಈ ಇಬ್ಬರ ಸೇವೆಯ ವರ್ಷಗಳನ್ನು ಅಕ್ಕಪಕ್ಕ ಇಟ್ಟು ನೋಡಿದಾಗ ನಮ್ಮ ಗುಡ್ನಾಪುರದ ಕಡೆಯಿಂದ ಸೇನೆಗೆ ಸೇರಲು ಓಡುತ್ತಿರುವ ಹುಡುಗರ ಬಗ್ಗೆ ಒಂದು ಪ್ರಶ್ನೆ ಏಳುತ್ತದೆ. ಆ ಪ್ರಶ್ನೆಗಾಗಿ ಬರೆಯುತ್ತಿದ್ದೇನೆ.

ಮೊದಲು ಯಮಮೊಟೊ. ಇಸೊರೊಕು ಹುಟ್ಟಿದ್ದು 1884ರಲ್ಲಿ, ಜಪಾನಿನ ನಾಗಾವೊಕದಲ್ಲಿ. ಜಪಾನಿ ಭಾಷೆಯಲ್ಲಿ ಆ ಹೆಸರಿನ ಅರ್ಥ ಐವತ್ತಾರು. ಮಗ ಹುಟ್ಟಿದಾಗ ತಂದೆಗೆ ಅಷ್ಟು ವಯಸ್ಸಾಗಿತ್ತು. 1904ರಲ್ಲಿ ನೌಕಾ ಅಕಾಡೆಮಿಯಿಂದ ಹೊರಬಂದ ಹುಡುಗ ಮರುವರ್ಷವೇ ರಷ್ಯಾ ವಿರುದ್ಧದ ಸುಶಿಮಾ ಕದನದಲ್ಲಿ ಎಡಗೈಯ ಎರಡು ಬೆರಳು ಕಳೆದುಕೊಂಡ. ಅಲ್ಲಿಗೆ ಅವನ ನೌಕರಿ ಮುಗಿಯಲಿಲ್ಲ. ನೌಕಾಪಡೆ ಅವನನ್ನು ಉಳಿಸಿಕೊಂಡಿತು, ಅಮೆರಿಕದ ಹಾರ್ವರ್ಡ್ ವಿಶ್ವವಿದ್ಯಾಲಯಕ್ಕೆ ಓದಲು ಕಳಿಸಿತು, ವಾಷಿಂಗ್ಟನ್ನಿನ ರಾಯಭಾರ ಕಚೇರಿಗೆ ನೇಮಿಸಿತು, ‘ಅಕಾಗಿ’ ಎಂಬ ವಿಮಾನವಾಹಕ ಹಡಗಿನ ಕ್ಯಾಪ್ಟನ್ ಮಾಡಿತು. ಮುಂದಿನ ಯುದ್ಧವನ್ನು ದೊಡ್ಡ ಫಿರಂಗಿಯ ಹಡಗುಗಳಲ್ಲ, ವಿಮಾನಗಳು ಗೆಲ್ಲುತ್ತವೆ ಎಂಬುದು ಅವರಿಗೆ ಹೊಳೆದದ್ದು ಈ ವರ್ಷಗಳಲ್ಲಿ.

ಅಮೆರಿಕವನ್ನು ಕಣ್ಣಾರೆ ಕಂಡಿದ್ದರಿಂದ ಆ ದೇಶದ ಕಾರ್ಖಾನೆಗಳ, ಎಣ್ಣೆಬಾವಿಗಳ ಶಕ್ತಿ ಅವರಿಗೆ ತಿಳಿದಿತ್ತು. ನೌಕಾಖಾತೆಯ ಉಪಸಚಿವರಾಗಿದ್ದಾಗ ಜರ್ಮನಿಯ ಜೊತೆಗಿನ ಮೈತ್ರಿಯನ್ನು ವಿರೋಧಿಸಿದರು. ಅದಕ್ಕಾಗಿ ಅವರಿಗೆ ಕೊಲೆ ಬೆದರಿಕೆಗಳು ಬಂದವು. 1939ರ ಆಗಸ್ಟಿನಲ್ಲಿ ಅವರನ್ನು ಜಪಾನಿನ ಸಂಯುಕ್ತ ನೌಕಾದಳದ ಮುಖ್ಯಸ್ಥರನ್ನಾಗಿ ಮಾಡಿ ಸಮುದ್ರಕ್ಕೆ ಕಳಿಸಿದರು. ಎರಡು ವರ್ಷ ಕಳೆಯುವಷ್ಟರಲ್ಲಿ, ತಾನು ಬೇಡವೆಂದ ಯುದ್ಧದ ಮೊದಲ ಹೊಡೆತವನ್ನು ಅವರೇ ಯೋಜಿಸಿದರು. 1941ರ ಡಿಸೆಂಬರ್ 7ರಂದು ಪರ್ಲ್ ಹಾರ್ಬರಿನಲ್ಲಿ 2,403 ಅಮೆರಿಕನ್ನರು ಸತ್ತರು. ಆರು ತಿಂಗಳ ನಂತರ ಮಿಡ್‌ವೇ ಕದನದಲ್ಲಿ ಜಪಾನ್ ನಾಲ್ಕು ವಿಮಾನವಾಹಕ ಹಡಗುಗಳನ್ನು ಕಳೆದುಕೊಂಡಿತು. 1943ರ ಏಪ್ರಿಲ್ 18ರಂದು, ಜಪಾನಿನ ಗುಪ್ತಲಿಪಿಯನ್ನು ಬಿಡಿಸಿ ಅವರ ಪ್ರಯಾಣದ ವೇಳೆ ತಿಳಿದುಕೊಂಡಿದ್ದ ಅಮೆರಿಕದ ವಿಮಾನಗಳು ಬೋಗನ್‌ವಿಲ್ ದ್ವೀಪದ ಮೇಲೆ ಅವರ ವಿಮಾನವನ್ನು ಹೊಡೆದುರುಳಿಸಿದವು.

ಈ ಕಥೆ ಯಾಕೆ ಇಷ್ಟು ಪ್ರಸಿದ್ಧ ಎಂಬುದು ಅರ್ಥವಾಗುತ್ತದೆ. ಅದರಲ್ಲಿ ಜಾಣತನವಿದೆ, ದ್ವಂದ್ವವಿದೆ, ದುರಂತದ ಕೊನೆಯಿದೆ. ಆದರೆ ಆ ಯುದ್ಧ ನಮ್ಮಿಂದ ಎಷ್ಟೋ ದೂರದ ಸಮುದ್ರದಲ್ಲಿ ನಡೆಯಿತು ಎಂದು ನಾವು ತಿಳಿದುಕೊಂಡಿದ್ದೇವಲ್ಲ, ಅದು ತಪ್ಪು. 1942ರ ಮಾರ್ಚ್ 23ರಂದು ಜಪಾನಿಯರು ಅಂಡಮಾನಿನಲ್ಲಿ ಇಳಿದರು. ಏಪ್ರಿಲ್ 5ರಂದು ಅಡ್ಮಿರಲ್ ನಗುಮೊ ಅವರ ಹಡಗುಗಳಿಂದ ಹಾರಿದ ವಿಮಾನಗಳು ಕೊಲಂಬೊ ಮೇಲೆ ಬಾಂಬ್ ಹಾಕಿದವು. ಮರುದಿನ ವಿಶಾಖಪಟ್ಟಣ, ಕಾಕಿನಾಡಗಳ ಮೇಲೂ ಬಾಂಬ್ ಬಿತ್ತು.

ಅಂಡಮಾನಿನಲ್ಲಿ ಮೂರೂವರೆ ವರ್ಷ ಜಪಾನಿ ನೌಕಾಧಿಕಾರಿಗಳ ಕೈಯಲ್ಲಿ ಆಡಳಿತವಿತ್ತು. ಬ್ರಿಟಿಷರನ್ನು ಓಡಿಸಿದವರೆಂದು ಮೊದಲು ನಂಬಿದ ಜನ ಆಮೇಲೆ ಹಸಿವನ್ನೂ ಸೆಲ್ಯುಲಾರ್ ಜೈಲನ್ನೂ ಕಂಡರು. ಇಂಡಿಯನ್ ಇಂಡಿಪೆಂಡೆನ್ಸ್ ಲೀಗಿನ ಅಲ್ಲಿನ ಮುಖಂಡರೂ ಪಂಜಾಬಿ ಕವಿಯೂ ಆಗಿದ್ದ ಡಾ. ದಿವಾನ್ ಸಿಂಗ್ ಅದೇ ಜೈಲಿನಲ್ಲಿ ಚಿತ್ರಹಿಂಸೆಗೆ ಸಿಕ್ಕಿ 1944ರ ಜನವರಿಯಲ್ಲಿ ತೀರಿಕೊಂಡರು. ಅದೇ ತಿಂಗಳ 30ರಂದು ಹಂಫ್ರೀಗಂಜಿನಲ್ಲಿ 44 ಭಾರತೀಯರನ್ನು ಗೂಢಚಾರರೆಂದು ಗುಂಡಿಟ್ಟು ಕೊಂದರು. 1945ರ ಅಕ್ಟೋಬರ್ 7ರಂದು ವೈಸ್ ಅಡ್ಮಿರಲ್ ಹಾರಾ ಪೋರ್ಟ್‌ಬ್ಲೇರಿನಲ್ಲಿ ಶರಣಾಗುವವರೆಗೂ ಆ ಆಡಳಿತ ನಡೆಯಿತು. ಯಮಮೊಟೊ ಅವರ ಜಾಣತನವನ್ನು ಮೆಚ್ಚುವ ವಿಡಿಯೊಗಳಲ್ಲಿ ಹಂಫ್ರೀಗಂಜ್ ಬರುವುದಿಲ್ಲ. ಹಡಗಿನ ಮೇಲೆ ನಿಂತ ಅಧಿಕಾರಿಯ ಕಥೆ ಹೇಳುವಾಗ ದಡದಲ್ಲಿದ್ದವರ ಕಥೆಯೂ ಬರಬೇಕು ಎಂಬುದು ನನ್ನ ಮೊದಲ ಮಾತು.

ಈಗ ರಾಣೆಯವರ ಕಡೆಗೆ ಬರೋಣ. ಗುಡ್ನಾಪುರದಿಂದ ಬನವಾಸಿ ರಸ್ತೆ ಹಿಡಿದು ಶಿರಸಿಗೆ ಬಂದು, ದೇವಿಮನೆ ಘಟ್ಟ ಇಳಿದು, ಕುಮಟಾ, ಅಂಕೋಲಾ ದಾಟಿ ಕಾರವಾರದ ಹತ್ತಿರ ಬಂದರೆ ಚೆಂಡಿಯಾ ಎಂಬ ಊರು ಸಿಗುತ್ತದೆ. ರಾಣೆಯವರ ಮೂಲ ಅದು. ಹುಟ್ಟಿದ್ದು 1918ರ ಜೂನ್ 26ರಂದು. ತಂದೆ ಪೊಲೀಸ್ ಪೇದೆ. ವರ್ಗಾವಣೆ ಆದಲ್ಲೆಲ್ಲ ಮಗನ ಶಾಲೆ ಬದಲಾಗುತ್ತಿತ್ತು. 1930ರಲ್ಲಿ, ಅಂದರೆ ಅಂಕೋಲೆಯಲ್ಲಿ ಉಪ್ಪಿನ ಸತ್ಯಾಗ್ರಹ ನಡೆದ ವರ್ಷವೇ, ಹನ್ನೆರಡರ ಹುಡುಗನ ಮನಸ್ಸು ಸ್ವಾತಂತ್ರ್ಯ ಚಳವಳಿಯ ಕಡೆಗೆ ಎಳೆಯಿತು. ಸರ್ಕಾರಿ ನೌಕರಿಯಲ್ಲಿದ್ದ ಅಪ್ಪನಿಗೆ ದಿಗಿಲಾಗಿ ಸಂಸಾರವನ್ನು ಊರಿಗೆ ಕರೆತಂದರು. ಹತ್ತು ವರ್ಷದ ನಂತರ, 1940ರ ಜುಲೈ 10ರಂದು, ಅದೇ ಹುಡುಗ ಬ್ರಿಟಿಷರ ಸೇನೆಗೇ ಸೇರಿದ. ಬಾಂಬೆ ಎಂಜಿನಿಯರ್ಸ್ ದಳದಲ್ಲಿ ಸಿಪಾಯಿ. ವಯಸ್ಸು 22.

ಎಂಜಿನಿಯರ್ ದಳದ ಸಿಪಾಯಿಯ ಕೆಲಸವೆಂದರೆ ರಸ್ತೆ ಮಾಡುವುದು, ಸೇತುವೆ ಕಟ್ಟುವುದು, ಬೇಕಾದಾಗ ಅದೇ ಸೇತುವೆಯನ್ನು ಉಡಾಯಿಸುವುದು, ವೈರಿ ಹೂತಿಟ್ಟ ನೆಲಬಾಂಬು ತೆಗೆಯುವುದು. ರಾಣೆಯವರನ್ನು ಬರ್ಮಾಕ್ಕೆ ಕಳಿಸಿದರು. ಅರಾಕಾನ್ ಕಡೆಯಿಂದ ಸೇನೆ ಹಿಂದೆ ಸರಿಯುವಾಗ ಬುತಿಡಾಂಗಿನಲ್ಲಿ ಮುಖ್ಯ ಸಾಮಗ್ರಿಗಳು ಜಪಾನಿಯರ ಕೈಗೆ ಸಿಗಬಾರದೆಂದು ಅವನ್ನು ನಾಶಮಾಡಲು ಒಂದು ಸಣ್ಣ ತಂಡವನ್ನು ಹಿಂದೆ ಬಿಟ್ಟರು. ಅದರಲ್ಲಿ ರಾಣೆ ಇದ್ದರು. ಕೆಲಸ ಮುಗಿದ ಮೇಲೆ ನೌಕಾಪಡೆಯ ಹಡಗು ಬಂದು ಅವರನ್ನು ಕರೆದೊಯ್ಯಬೇಕಿತ್ತು. ಕೆಲಸ ಮುಗಿಯಿತು. ಆದರೆ ಹಡಗಿನಲ್ಲಿ ಹೋಗುವುದು ಆಗಲಿಲ್ಲ. ಜಪಾನಿಯರು ಪಹರೆ ಕಾಯುತ್ತಿದ್ದ ನದಿಯನ್ನು ತಾವೇ ದಾಟಿ, ಕಣ್ಣು ತಪ್ಪಿಸಿ, ಬಾವ್ಲಿ ಬಜಾರಿನಲ್ಲಿದ್ದ ತಮ್ಮ ಡಿವಿಜನ್ನನ್ನು ಸೇರಿಕೊಂಡರು. ಈ ಕೆಲಸಕ್ಕೆ ರಾಣೆಯವರಿಗೆ ಹವಾಲ್ದಾರ್ ಬಡ್ತಿ ಸಿಕ್ಕಿತು. ಆಮೇಲೆ ಜಮಾದಾರ್ ಆದರು. ದೇಶ ಸ್ವತಂತ್ರವಾದ ನಾಲ್ಕು ತಿಂಗಳಿಗೆ, 1947ರ ಡಿಸೆಂಬರ್ 15ರಂದು, ಸೆಕೆಂಡ್ ಲೆಫ್ಟಿನೆಂಟ್ ಆಗಿ ಅಧಿಕಾರಿಗಳ ಸಾಲಿಗೆ ಬಂದರು. ಸಿಪಾಯಿಯಿಂದ ಅಧಿಕಾರಿಯಾಗಲು ಏಳು ವರ್ಷ ಐದು ತಿಂಗಳು ಹಿಡಿದಿತ್ತು.

ಆಮೇಲಿನದು 1948ರ ಏಪ್ರಿಲ್. ಜಮ್ಮು ಕಾಶ್ಮೀರದ ನೌಶೇರಾದಿಂದ ರಾಜೌರಿಗೆ ನಮ್ಮ ಸೇನೆ ಹೊರಟಿತ್ತು. ರಾಜೌರಿಯಲ್ಲಿ ಅಷ್ಟರಲ್ಲೇ ನಾಗರಿಕರ ಹತ್ಯೆ ನಡೆದಿತ್ತು, ಒಂದೊಂದು ದಿನದ ತಡಕ್ಕೂ ಬೆಲೆಯಿತ್ತು. ಏಪ್ರಿಲ್ 8ರಂದು ನಾಲ್ಕನೇ ಡೋಗ್ರಾ ಪಡೆ ಬರ್ವಾಲಿ ಗುಡ್ಡವನ್ನು ಹಿಡಿಯಿತು. ಆದರೆ ಅಲ್ಲಿಂದ ಮುಂದೆ ರಸ್ತೆತಡೆಗಳು, ನೆಲಬಾಂಬುಗಳು. ಟ್ಯಾಂಕುಗಳು ಹೆಜ್ಜೆ ಮುಂದಿಡುವಂತಿರಲಿಲ್ಲ. ದಾರಿ ಬಿಡಿಸಲು ರಾಣೆಯವರ ತಂಡ ಕೆಲಸಕ್ಕೆ ಕೈಹಾಕುತ್ತಿದ್ದಂತೆ ಮಾರ್ಟರ್ ಗುಂಡು ಬಿದ್ದು ಇಬ್ಬರು ಸತ್ತರು, ಐವರು ಗಾಯಗೊಂಡರು. ಗಾಯಗೊಂಡವರಲ್ಲಿ ರಾಣೆಯವರೂ ಒಬ್ಬರು. ಗಾಯದಲ್ಲೇ ಸಂಜೆಯೊಳಗೆ ದಾರಿ ಬಿಡಿಸಿದರು. ರಾತ್ರಿಯೂ ಕೆಲಸ ನಿಲ್ಲಲಿಲ್ಲ. ಮರುದಿನ ಹನ್ನೆರಡು ತಾಸು ನೆಲಬಾಂಬು ತೆಗೆದರು, ರಸ್ತೆ ಸರಿಮಾಡಲಾಗದ ಕಡೆ ಬಳಸುದಾರಿ ಕಡಿದರು. ಹತ್ತನೇ ತಾರೀಕು ಇನ್ನೊಂದು ರಸ್ತೆತಡೆಯನ್ನು ಎರಡು ತಾಸಿನಲ್ಲಿ ತೆಗೆದರು. ಅಡ್ಡ ಬಿದ್ದ ದೊಡ್ಡ ದೊಡ್ಡ ಪೈನ್ ಮರಗಳನ್ನು ಸಿಡಿಸಿ ಸರಿಸಿದರು. ಹನ್ನೊಂದರಂದು ಹದಿನೇಳು ತಾಸು ದುಡಿದರು. ಹನ್ನೆರಡರಂದು ಸೇನೆ ರಾಜೌರಿ ಮುಟ್ಟಿತು.

ಇಡೀ ವೃತ್ತಾಂತದಲ್ಲಿ ರಾಣೆಯವರು ಎಷ್ಟು ವೈರಿಗಳನ್ನು ಕೊಂದರು ಎಂಬ ಲೆಕ್ಕವೇ ಇಲ್ಲ. ಇರುವುದು ತಾಸುಗಳ ಲೆಕ್ಕ. ಮಲೆನಾಡಿನವರಿಗೆ ಇದು ಬೇಗ ಅರ್ಥವಾಗಬೇಕು. ಮಳೆಗಾಲದಲ್ಲಿ ಘಟ್ಟದ ಮೇಲೆ ಮರ ಬಿದ್ದು ದಾರಿ ಮುಚ್ಚಿದಾಗ ಕತ್ತಿ, ಕೊಡಲಿ ಹಿಡಿದು ಇಳಿಯುವವರ ಕೆಲಸ ಎಂಥದು ಎಂದು ನಾವು ಬಲ್ಲೆವು. ಅದೇ ಕೆಲಸವನ್ನು ಗುಂಡಿನ ಮಳೆಯಲ್ಲಿ, ಪ್ರತಿ ಹೆಜ್ಜೆಯ ಕೆಳಗೆ ಬಾಂಬು ಇರಬಹುದಾದ ನೆಲದಲ್ಲಿ ಮಾಡಿದರೆ ಹೇಗಿರುತ್ತದೆಯೋ ಹಾಗೆ. ಎಂತಹ ನೆಲವನ್ನು ಹೇಗೆ ಮುಟ್ಟಬೇಕು, ಯಾವ ಮರವನ್ನು ಯಾವ ಕಡೆಯಿಂದ ಸಿಡಿಸಬೇಕು, ಇಬ್ಬರು ಸತ್ತ ಮೇಲೆ ಉಳಿದವರನ್ನು ಮತ್ತೆ ಕೆಲಸಕ್ಕೆ ಹೇಗೆ ಎಬ್ಬಿಸಬೇಕು ಎಂಬುದು ತರಬೇತಿ ಮೈದಾನದಲ್ಲಿ ಕೆಲವೇ ತಿಂಗಳಲ್ಲಿ ಬರುವ ವಿದ್ಯೆಯಲ್ಲ. ಬುತಿಡಾಂಗ್ ಅದನ್ನು ಕಲಿಸಿತ್ತು. ಅರಾಕಾನಿನ ನದಿ ಕಲಿಸಿತ್ತು. ರಾಣೆಯವರಿಗೆ ಪರಮವೀರ ಚಕ್ರ ತಂದುಕೊಟ್ಟ ಆ ನಾಲ್ಕು ದಿನಗಳು ಅವರ ಸೇವೆಯ ಎಂಟನೇ ವರ್ಷದಲ್ಲಿ ಬಂದವು.

ನನ್ನ ಪ್ರಶ್ನೆ ಇಲ್ಲಿಂದ ಶುರುವಾಗುತ್ತದೆ. ಗುಡ್ನಾಪುರದ ಕೆರೆಯ ಏರಿಯ ಮೇಲೆ, ಬನವಾಸಿ ರಸ್ತೆಯಲ್ಲಿ, ಬೆಳಗಿನ ಮಂಜಿನಲ್ಲಿ ಓಡುವ ಹುಡುಗರು ಈಗ ಕಾಣಸಿಗುತ್ತಾರೆ. ಕೆಲವರು ಪಿಯುಸಿ ಮುಗಿಸಿದವರು, ಕೆಲವರು ಪದವಿ ಅರ್ಧಕ್ಕೆ ಬಿಟ್ಟವರು. ಅಗ್ನಿವೀರರಾಗಬೇಕು ಎಂಬುದು ಅವರ ಆಸೆ. ಗದ್ದೆಗೆ ಹೊರಟ ಹಿರಿಯರೊಬ್ಬರು ನಿಲ್ಲಿಸಿ ಕೇಳುತ್ತಾರೆ: “ನಾಲ್ಕು ವರ್ಷ ಆದ್ಮೇಲೆ ಎಂತ ಮಾಡ್ತ್ಯೋ ತಮಾ?” ಹುಡುಗ ನಕ್ಕು ಓಡುತ್ತಾನೆ. ಅವನ ಹತ್ತಿರ ಉತ್ತರವಿಲ್ಲವೆಂದಲ್ಲ. ಮೊದಲು ಆಯ್ಕೆಯಾಗಲಿ, ಆಮೇಲೆ ನೋಡೋಣ ಎಂಬುದೇ ಅವನ ಉತ್ತರ.

2022ರ ಜೂನ್ 14ರಂದು ಘೋಷಣೆಯಾದ ಅಗ್ನಿಪಥ ಯೋಜನೆಯ ಲೆಕ್ಕ ಎಲ್ಲರಿಗೂ ಗೊತ್ತು. ಸೇವೆ ನಾಲ್ಕು ವರ್ಷ. ಕೊನೆಗೆ ಹೆಚ್ಚೆಂದರೆ ನೂರಕ್ಕೆ 25 ಮಂದಿ ಕಾಯಂ ಸೇವೆಗೆ. ಉಳಿದವರು ಸುಮಾರು 11.71 ಲಕ್ಷ ರೂಪಾಯಿ ಸೇವಾನಿಧಿಯೊಂದಿಗೆ ಮನೆಗೆ. ಪಿಂಚಣಿ ಇಲ್ಲ. ಮೊದಲ ತಂಡದವರು 2022ರ ಕೊನೆಯಲ್ಲಿ ಸೇರಿದ್ದರಿಂದ ಅವರ ಅವಧಿ 2026ರ ಕೊನೆಯಿಂದ ತುಂಬತೊಡಗುತ್ತದೆ.

ಇದೇ ಲೆಕ್ಕವನ್ನು ರಾಣೆಯವರ ಮೇಲೆ ಇಟ್ಟು ನೋಡಿ. 1940ರ ಜುಲೈನಲ್ಲಿ ಸೇರಿದವರ ನಾಲ್ಕು ವರ್ಷ 1944ರ ಜುಲೈಗೆ ಮುಗಿಯುತ್ತದೆ. ಆಗಿನ್ನೂ ಅವರು ಅಧಿಕಾರಿಯಲ್ಲ. ಬರ್ವಾಲಿ ಗುಡ್ಡ ಇನ್ನೂ ಸುಮಾರು ನಾಲ್ಕು ವರ್ಷ ದೂರ. ನೂರಕ್ಕೆ 25ರಲ್ಲಿ ಅವರ ಹೆಸರು ಬಂದಿದ್ದರೆ ಸರಿ, ಬಾರದಿದ್ದರೆ ಚೆಂಡಿಯಾಕ್ಕೆ ವಾಪಸ್. ಯಮಮೊಟೊ ಅವರನ್ನೂ ಇದೇ ತಕ್ಕಡಿಯಲ್ಲಿ ತೂಗಬಹುದು. ಅಕಾಡೆಮಿಯಿಂದ ಹೊರಬಂದ ನಾಲ್ಕನೇ ವರ್ಷಕ್ಕೆ ಅವರು ಎರಡು ಬೆರಳಿಲ್ಲದ ಒಬ್ಬ ಕಿರಿಯ ಅಧಿಕಾರಿ, ಅಷ್ಟೇ. ಜಗತ್ತಿಗೆ ಗೊತ್ತಾದ ಯಮಮೊಟೊ ಬಂದದ್ದು 35 ವರ್ಷ ಕಳೆದ ಮೇಲೆ. ಒಬ್ಬರು ಶತ್ರುವಿನ ಅಡ್ಮಿರಲ್, ಇನ್ನೊಬ್ಬರು ನಮ್ಮ ಲೆಫ್ಟಿನೆಂಟ್. ಒಬ್ಬರು ನಕ್ಷೆಯ ಮುಂದೆ, ಇನ್ನೊಬ್ಬರು ಮಣ್ಣಿನಲ್ಲಿ. ಹೋಲಿಕೆ ಸಮನಲ್ಲ ಎಂದು ಯಾರಾದರೂ ಹೇಳಿದರೆ ಒಪ್ಪುತ್ತೇನೆ. ಆದರೆ ಒಂದು ವಿಷಯದಲ್ಲಿ ಇಬ್ಬರ ಕಥೆಯೂ ಒಂದೇ. ಇಬ್ಬರನ್ನೂ ಅವರವರ ಸೇನೆ ಕಾದು ಬೆಳೆಸಿತು.

ಇದಕ್ಕೆ ಎದುರುಮಾತುಗಳಿವೆ, ಅವುಗಳಲ್ಲಿ ತೂಕವೂ ಇದೆ. ಯುದ್ಧಕಾಲದ ನಾಲ್ಕು ವರ್ಷ ಶಾಂತಿಕಾಲದ ಹತ್ತಿಪ್ಪತ್ತು ವರ್ಷಕ್ಕೆ ಸಮ, ರಾಣೆಯವರ ಬಡ್ತಿಗಳು ಯುದ್ಧದಿಂದ ಬಂದವು ಎನ್ನಬಹುದು. ನಿಜ. ಸೇನೆಗೆ ಎಳೆಯ ಕಾಲುಗಳು ಬೇಕು, ಎತ್ತರದ ಹಿಮದಲ್ಲಿ ನಲವತ್ತರ ಸಿಪಾಯಿ ಏನು ಮಾಡಿಯಾನು ಎನ್ನಬಹುದು. ಅದೂ ನಿಜ. ಇಷ್ಟಕ್ಕೂ ಕೆಲವರನ್ನು ಇಟ್ಟುಕೊಂಡು ಹೆಚ್ಚಿನವರನ್ನು ಕಳಿಸುವುದು ಹೊಸದೇನಲ್ಲ. ಎರಡನೇ ಮಹಾಯುದ್ಧ ಮುಗಿಯುವಾಗ ಭಾರತೀಯ ಸೇನೆಯಲ್ಲಿ ಸುಮಾರು 25 ಲಕ್ಷ ಜನರಿದ್ದರು, ಯುದ್ಧದ ನಂತರ ಅವರಲ್ಲಿ ಬಹುಪಾಲು ಜನ ಮನೆಗೆ ಹೋದರು. ರಾಣೆಯವರು ಉಳಿದರು.

ಆದರೆ ಆ ಹಳೆಯ ಉದಾಹರಣೆಯೇ ನನ್ನ ಚಿಂತೆಯನ್ನು ಹೆಚ್ಚಿಸುತ್ತದೆ. ಮನೆಗೆ ಹೋದ ಆ ಲಕ್ಷಾಂತರ ಜನರಲ್ಲಿ ಎಷ್ಟು ಹೆಸರು ನಮಗೆ ಗೊತ್ತು? ಬರ್ಮಾದಿಂದ ಬಂದು, ಮಾತಿಲ್ಲದೆ ಗದ್ದೆಗಿಳಿದು, ಮಾತಿಲ್ಲದೆ ತೀರಿಕೊಂಡವರು ಅವರು. ಯುದ್ಧ ಮುಗಿದ ಮೇಲೆ ಸೇನೆ ಚಿಕ್ಕದಾಗುವುದು ಬೇರೆ. ಇಪ್ಪತ್ತೈದನೇ ವಯಸ್ಸಿನೊಳಗೆ ‘ನಿನ್ನ ಸೇವೆ ಮುಗಿಯಿತು’ ಎಂದು ಪ್ರತಿ ನಾಲ್ವರಲ್ಲಿ ಮೂವರಿಗೆ ಪ್ರತಿವರ್ಷ ಹೇಳುವುದು ಬೇರೆ. ಎರಡನೆಯದನ್ನು ನಾವು ಮೊದಲ ಬಾರಿಗೆ ಮಾಡುತ್ತಿದ್ದೇವೆ. ನೂರಕ್ಕೆ 25 ಎಂಬ ಮಿತಿಯನ್ನು ಏರಿಸಬೇಕು, ಅದರಲ್ಲೂ ಎಂಜಿನಿಯರ್ ದಳ, ನೌಕಾಪಡೆಯ ತಾಂತ್ರಿಕ ವಿಭಾಗಗಳಂಥ ಕಡೆ, ಕೆಲಸ ಕೈಗೆ ಹತ್ತಲು ವರ್ಷಗಳು ಬೇಕಾದಲ್ಲಿ ಹೆಚ್ಚು ಜನರನ್ನು ಉಳಿಸಿಕೊಳ್ಳಬೇಕು ಎಂಬುದು ನನ್ನ ಅಭಿಪ್ರಾಯ. ನೆಲಬಾಂಬು ತೆಗೆಯುವವನಿಗೆ ಮೊದಲ ತಪ್ಪೇ ಕೊನೆಯ ತಪ್ಪಾಗುತ್ತದೆ. ಅಲ್ಲಿ ಅನುಭವವನ್ನು ಮನೆಗೆ ಕಳಿಸುವುದು ಉಳಿತಾಯವಲ್ಲ.

ದೆಹಲಿ ಏನು ಮಾಡುತ್ತದೆಯೋ, ಊರಿನಲ್ಲಿ ಕುಳಿತ ನಾವು ಮಾಡಬಹುದಾದದ್ದೂ ಇದೆ. ಓಡುವ ಹುಡುಗರಿಗೆ ಪದವಿ ಬಿಡಬೇಡಿ ಎಂದು ಹೇಳಬೇಕು. ಅಗ್ನಿವೀರರಿಗಾಗಿ ಇಂದಿರಾ ಗಾಂಧಿ ಮುಕ್ತ ವಿಶ್ವವಿದ್ಯಾಲಯ ಪದವಿ ಕೋರ್ಸ್ ರೂಪಿಸಿದೆ, ಸೇವೆಯಲ್ಲಿ ಕಲಿತ ಕೌಶಲಕ್ಕೆ ಅದರಲ್ಲಿ ಅರ್ಧದಷ್ಟು ಅಂಕವಿದೆ. ಇದು ನಮ್ಮ ಕಡೆಯ ಎಷ್ಟು ಮನೆಗಳಿಗೆ ತಿಳಿದಿದೆ? ಆಯ್ಕೆಯಾದವನ ಮೆರವಣಿಗೆ ಮಾಡುವ ನಾವು, ನಾಲ್ಕು ವರ್ಷದ ನಂತರ ವಾಪಸ್ ಬಂದವನನ್ನು ‘ಉಳಿಯಲಾಗಲಿಲ್ಲ’ ಎಂದು ನೋಡಿದರೆ ಅದು ದೊಡ್ಡ ಅನ್ಯಾಯ. ನಾಲ್ವರಲ್ಲಿ ಮೂವರು ವಾಪಸ್ ಬರುವುದು ಯೋಜನೆಯಲ್ಲೇ ಬರೆದದ್ದು, ಹುಡುಗರ ಸೋಲಲ್ಲ.

ನೆನಪಿನ ವಿಷಯಕ್ಕೂ ಎರಡು ಮಾತು ಹೇಳಬೇಕು. ರಾಣೆಯವರಿಗೆ ಗೌರವ ಸಿಕ್ಕಿಲ್ಲವೆಂದಲ್ಲ. ಭಾರತೀಯ ನೌಕಾ ನಿಗಮ ಒಂದು ತೈಲವಾಹಕ ಹಡಗಿಗೆ ಅವರ ಹೆಸರಿಟ್ಟಿತ್ತು. ಕಾರವಾರದ ಕಡಲತೀರದಲ್ಲಿ, ‘ಚಪಲ್’ ಯುದ್ಧನೌಕೆಯ ವಸ್ತುಸಂಗ್ರಹಾಲಯದ ಪಕ್ಕದಲ್ಲಿ, 2006ರಲ್ಲಿ ಅವರ ಪ್ರತಿಮೆ ನಿಂತಿತು. 2023ರ ಜನವರಿ 23ರಂದು ಅಂಡಮಾನ್ ನಿಕೋಬಾರಿನ 21 ದ್ವೀಪಗಳಿಗೆ ಪರಮವೀರ ಚಕ್ರ ಪಡೆದವರ ಹೆಸರಿಟ್ಟಾಗ ಒಂದು ದ್ವೀಪ ರಾಣೆಯವರದಾಯಿತು. ಬರ್ಮಾದಲ್ಲಿ ಹಡಗು ಸಿಗದೆ ನದಿ ದಾಟಿದವರ ಹೆಸರಿನಲ್ಲಿ ಒಂದು ಹಡಗು ತೇಲಿತು. ಜಪಾನಿ ನೌಕಾಧಿಕಾರಿಗಳು ಆಳಿದ ದ್ವೀಪಸಮೂಹದಲ್ಲಿ, ಜಪಾನಿಯರಿಂದ ತಪ್ಪಿಸಿಕೊಂಡು ಬಂದ ಚೆಂಡಿಯಾದ ಸಿಪಾಯಿಯ ಹೆಸರು ಉಳಿಯಿತು. ಹೆಸರುಗಳಿಗೆ ಕೊರತೆಯಿಲ್ಲ. ಹೆಸರಿನ ಹಿಂದಿನ ವರ್ಷಗಳನ್ನು ಹೇಳುವವರಿಲ್ಲ.

ಹೆಸರಿಡುವುದರಲ್ಲಿ ನಮ್ಮ ಜಿಲ್ಲೆ ಮೊದಲಿನಿಂದಲೂ ಮುಂದು. 2005ರಲ್ಲಿ ಕಾರವಾರದಲ್ಲಿ ಕಾರ್ಯಾರಂಭ ಮಾಡಿದ ನೌಕಾನೆಲೆಗೆ ‘ಐಎನ್‌ಎಸ್ ಕದಂಬ’ ಎಂದು ಹೆಸರು. ಅಂದರೆ ನಮ್ಮ ಬನವಾಸಿಯ ಹೆಸರು, ಗುಡ್ನಾಪುರದ ಹೆಸರು. ಕೇಳಲು ಹೆಮ್ಮೆಯೇ. ಆದರೆ ಆ ನೆಲೆಗಾಗಿ ಕರಾವಳಿಯ ಹಳ್ಳಿಗಳ ಸಾವಿರಾರು ಕುಟುಂಬಗಳು ಮನೆ, ಗದ್ದೆ, ಮೀನುಗಾರಿಕೆಯ ದಡ ಬಿಟ್ಟವು ಎಂಬುದೂ, ಪರಿಹಾರಕ್ಕಾಗಿ ವರ್ಷಗಟ್ಟಲೆ ಅಲೆದರು ಎಂಬುದೂ ಆ ಹೆಸರಿನ ಜೊತೆಗೆ ಬರಬೇಕಾದ ಕಥೆ. ದೇಶದ ರಕ್ಷಣೆಗೆ ಸಿಪಾಯಿ ವರ್ಷಗಳನ್ನು ಕೊಡುತ್ತಾನೆ, ರೈತ ಮತ್ತು ಮೀನುಗಾರ ನೆಲವನ್ನು ಕೊಡುತ್ತಾರೆ. ಎರಡನ್ನೂ ಒಂದೇ ಪುಟದಲ್ಲಿ ಬರೆದರೆ ಅದು ದೇಶದ್ರೋಹವಲ್ಲ, ಲೆಕ್ಕ.

ಹೀಗೆ ಬರೆಯುವುದು ನಮಗೆ ಹೊಸದೂ ಅಲ್ಲ. ಗುಡ್ನಾಪುರದಲ್ಲಿ ಸಿಕ್ಕಿದ ಕದಂಬ ರವಿವರ್ಮನ ಕಂಬದ ಶಾಸನವನ್ನೇ ನೋಡಿ. ಒಂದೂವರೆ ಸಾವಿರ ವರ್ಷದ ಹಳೆಯ ಕಲ್ಲು ಅದು. ಅದರಲ್ಲಿ ಮಯೂರಶರ್ಮನಿಂದ ಬಂದ ರಾಜವಂಶದ ಹೊಗಳಿಕೆ ಇದೆ. ಆದರೆ ಮಯೂರಶರ್ಮ ಒಬ್ಬನೇ ಆಕಾಶದಿಂದ ಇಳಿದವನಂತೆ ಅಲ್ಲಿಲ್ಲ. ಅವನ ಅಜ್ಜ ವೀರಶರ್ಮನ ಹೆಸರಿದೆ, ಅಪ್ಪ ಬಂಧುಷೇಣನ ಹೆಸರಿದೆ. ವೇದ ಓದುವ ಮನೆತನ ಕತ್ತಿ ಹಿಡಿಯುವವರೆಗೆ ಬಂದ ದಾರಿ ಇದೆ. ರವಿವರ್ಮ ಕಟ್ಟಿಸಿದ ಮನ್ಮಥನ ಗುಡಿಯ ಮಾತಿದೆ. ಅಷ್ಟಕ್ಕೇ ನಿಲ್ಲದೆ, ಆ ಗುಡಿಗೆ ಬಿಟ್ಟ ಭೂಮಿಯ ವಿವರವೂ ಇದೆ. ವೀರನ ಹೆಸರು, ಅವನು ಬಂದ ದಾರಿ, ಕೊಟ್ಟ ನೆಲದ ಲೆಕ್ಕ, ಮೂರನ್ನೂ ಒಂದೇ ಕಂಬದಲ್ಲಿ ಕೊರೆದ ಊರು ನಮ್ಮದು. ಈಗಿನ ನಾವು ಹೆಸರನ್ನಷ್ಟೇ ಕೊರೆಯುತ್ತಿದ್ದೇವೆ.

ಪ್ರತಿವರ್ಷ ಬನವಾಸಿಯಲ್ಲಿ ಕದಂಬೋತ್ಸವ ನಡೆಯುತ್ತದೆ. ಅದರ ಒಂದು ಗೋಷ್ಠಿಯಲ್ಲಿ ಜಿಲ್ಲೆಯ ಸೈನಿಕರ ಮಾತಿಗೆ ಒಂದು ತಾಸು ಕೊಡಬಹುದು. ಪದಕ ಪಡೆದವರನ್ನಷ್ಟೇ ಅಲ್ಲ, ನಿವೃತ್ತರಾಗಿ ತೋಟ, ಅಂಗಡಿ, ಬ್ಯಾಂಕಿನ ಕಾವಲು ಕೆಲಸ ನೋಡಿಕೊಂಡಿರುವವರನ್ನೂ ಕರೆಯಬೇಕು. ನಮ್ಮ ಕಾಲೇಜುಗಳ ಎನ್‌ಸಿಸಿ, ಎನ್‌ಎಸ್‌ಎಸ್ ಹುಡುಗರು ಅವರ ಮನೆಗೆ ಹೋಗಿ ಮಾತು ಕೇಳಿ ಬರೆದಿಡಬಹುದು. ಶಾಲೆಯ ಪ್ರವಾಸದ ಬಸ್ಸುಗಳು ಹೇಗೂ ಕಾರವಾರಕ್ಕೆ ಹೋಗುತ್ತವೆ. ಮಕ್ಕಳು ಹಡಗು ಹತ್ತಿ ಇಳಿದು, ಫೋಟೊ ತೆಗೆಸಿಕೊಂಡು, ಐಸ್‌ಕ್ರೀಂ ತಿಂದು ವಾಪಸ್ ಬರುತ್ತಾರೆ. ಪಕ್ಕದ ಪ್ರತಿಮೆಯ ಮುಂದೆ ಹತ್ತು ನಿಮಿಷ ನಿಲ್ಲಿಸಿದರೆ ಯಾರಿಗೂ ತಡವಾಗುವುದಿಲ್ಲ.

ಆ ಹತ್ತು ನಿಮಿಷದಲ್ಲಿ ಮೇಷ್ಟ್ರು ಭಾಷಣ ಮಾಡಬೇಕಿಲ್ಲ. ವರ್ಷಗಳನ್ನು ಹೇಳಿದರೆ ಸಾಕು. 1940, ಸಿಪಾಯಿ. ಬರ್ಮಾದಿಂದ ಬಂದ ಮೇಲೆ ಹವಾಲ್ದಾರ್. 1947, ಸೆಕೆಂಡ್ ಲೆಫ್ಟಿನೆಂಟ್. 1948, ಬರ್ವಾಲಿಯಿಂದ ರಾಜೌರಿಯ ದಾರಿ. 1950ರಲ್ಲಿ ಪರಮವೀರ ಚಕ್ರದ ಪ್ರಕಟಣೆ. ಆಮೇಲೂ 18 ವರ್ಷ ದುಡಿದು, 28 ವರ್ಷದ ಸೇವೆ ಮುಗಿಸಿ, 1968ರಲ್ಲಿ ಮೇಜರ್ ಆಗಿ ನಿವೃತ್ತಿ. 1994ರಲ್ಲಿ ಪುಣೆಯಲ್ಲಿ ಮರಣ. ಮಕ್ಕಳಲ್ಲಿ ಲೆಕ್ಕ ಚೆನ್ನಾಗಿ ಬರುವವರು ಒಬ್ಬರಾದರೂ ಇರುತ್ತಾರೆ. ಪದಕ ಎಷ್ಟನೇ ವರ್ಷಕ್ಕೆ ಬಂತು ಸರ್ ಎಂದು ಅವರೇ ಎಣಿಸಿ ಕೇಳುತ್ತಾರೆ. ನಾಲ್ಕನೇ ವರ್ಷದಲ್ಲಿ ಇವರು ಏನಾಗಿದ್ದರು ಎಂದೂ ಕೇಳಬಹುದು. ಆ ಪ್ರಶ್ನೆ ಕೇಳಿದ ಮಗು ಮುಂದೆ ಸೇನೆಗೆ ಸೇರಲಿ, ಬಿಡಲಿ, ಸೇನೆಗೆ ಸೇರುವ ಅಣ್ಣಂದಿರಿಗೆ ದೇಶ ಎಷ್ಟು ವರ್ಷ ಕೊಡಬೇಕು ಎಂದು ಯೋಚಿಸುವ ಮತದಾರನಂತೂ ಆಗುತ್ತದೆ.